ಫ್ರಾಂಕೆನ್‌ಸ್ಟೈನ್: ಓದಬೇಕಾದ್ದು 1818ರ ಪಾಠವೋ 1831ರದ್ದೋ?

ಪುಟಗುರುತು:
ಹತ್ತು ಜನ ಸೇರಿ ಮೇರಿ ಶೆಲ್ಲಿಯವರ ಫ್ರಾಂಕೆನ್‌ಸ್ಟೈನ್ ಓದಬೇಕೆಂದಿದೆ. ಭೂತದ ಕಥೆಯಾಗಿ ಅಲ್ಲ, ವೈಜ್ಞಾನಿಕ ಕಾದಂಬರಿಯಾಗಿ. ತರಿಸಿದ ಪ್ರತಿಗಳು ಒಂದಕ್ಕೊಂದು ತಾಳೆಯಾಗುತ್ತಿಲ್ಲ. ಕೆಲವದರಲ್ಲಿ 1ರಿಂದ 24ರವರೆಗೆ ನೇರ ಅಧ್ಯಾಯಗಳು, ಕೆಲವದರಲ್ಲಿ ಮೂರು ಸಂಪುಟ, ಪ್ರತಿಯೊಂದರಲ್ಲೂ ಮತ್ತೆ ಒಂದರಿಂದ ಎಣಿಕೆ. ಒಂದು ಪ್ರತಿಯಲ್ಲಿ ಎಲಿಜಬೆತ್ ಕಥಾನಾಯಕ ವಿಕ್ಟರನ ಅತ್ತೆ ಮಗಳು, ಇನ್ನೊಂದರಲ್ಲಿ ತಂದು ಸಾಕಿದ ಅನಾಥೆ! ಯಾವುದನ್ನು ಇಟ್ಟುಕೊಳ್ಳಬೇಕು? ಎಲ್ಲರೂ ಹೊಸದಾಗಿ ಕೊಳ್ಳಲೇಬೇಕೇ? ಜೊತೆಗೆ ಓದಲು ಈ ಪ್ರಕಾರದ ಬಗ್ಗೆ ಒಂದೆರಡು ವಿಮರ್ಶಾ ಪುಸ್ತಕಗಳನ್ನೂ ಹೇಳಿ.

ಪಾಠಾಂತರ:
ಎರಡೂ ಪಾಠಗಳು (ಅಂದರೆ ಕಾದಂಬರಿಯ ಎರಡು ರೂಪಗಳು) ಅಸಲಿಯೇ. 1818ರಲ್ಲಿ ಲೇಖಕಿಯ ಹೆಸರಿಲ್ಲದೆ ಮೂರು ಸಂಪುಟಗಳಲ್ಲಿ 500 ಪ್ರತಿ ಅಚ್ಚಾಯಿತು. 1831ರಲ್ಲಿ ಮೇರಿ ಶೆಲ್ಲಿ ತಾವೇ ತಿದ್ದಿ, ಒಂದೇ ಸಂಪುಟ ಮಾಡಿ, ಹೊಸ ಪೀಠಿಕೆ ಬರೆದರು. ಜಿನೀವಾ ಸರೋವರದ ಬಳಿ 1816ರ ಮಳೆಗಾಲದಂಥ ಬೇಸಿಗೆಯಲ್ಲಿ ಕಥೆ ಹುಟ್ಟಿದ ಪ್ರಸಂಗ ವಿವರವಾಗಿ ಬರುವುದು ಆ ಪೀಠಿಕೆಯಲ್ಲಿ.

ಹೊಸದಾಗಿ ಕೊಳ್ಳುವುದು ಬೇಡ, ಅಧ್ಯಾಯಗಳ ಲೆಕ್ಕ ಗೊತ್ತಿದ್ದರೆ ಸಾಕು. 1818ರ ಮೊದಲ ಅಧ್ಯಾಯವನ್ನು 1831ರಲ್ಲಿ ಬೆಳೆಸಿ ಎರಡು ಮಾಡಿದ್ದಾರೆ, ಅಷ್ಟರಿಂದಲೇ ಎಣಿಕೆಯೆಲ್ಲ ಜಾರಿದೆ. 1818ರ ಮೂರು ಸಂಪುಟಗಳಲ್ಲಿ ಕ್ರಮವಾಗಿ 7, 9, 7 ಅಧ್ಯಾಯ, ಒಟ್ಟು 23. ಮೊದಲ ಸಂಪುಟದ ಎರಡನೆಯ ಅಧ್ಯಾಯದಿಂದ 1 ಕೂಡಿಸಿ, ಎರಡನೆಯ ಸಂಪುಟಕ್ಕೆ 8, ಮೂರನೆಯದಕ್ಕೆ 17. ವಿಕ್ಟರ್ ಮಾಡಿದ ಜೀವಿಗೆ ಜೀವ ಬರುವ ನವೆಂಬರ್ ರಾತ್ರಿ 1818ರಲ್ಲಿ ಸಂಪುಟ 1, ಅಧ್ಯಾಯ 4. ನೇರ ಎಣಿಕೆಯಲ್ಲಿ 5. ಹಿಮನದಿಯ ಮೇಲೆ ಅವರಿಬ್ಬರ ಭೇಟಿ ಸಂಪುಟ 2, ಅಧ್ಯಾಯ 2, ಅಂದರೆ 10. ಹೆಣ್ಣು ಜೀವಿಯನ್ನು ವಿಕ್ಟರ್ ಹರಿದು ಹಾಕುವುದು ಸಂಪುಟ 3, ಅಧ್ಯಾಯ 3, ಅಂದರೆ 20.

ಯಾವ ಪಾಠವೆಂದು ಮುಖಪುಟದಲ್ಲಿ ಹೇಳದ ಅಗ್ಗದ ಮುದ್ರಣಗಳೇ ಹೆಚ್ಚು. ಅಧ್ಯಾಯದ ಎಣಿಕೆಯನ್ನಷ್ಟೇ ನಂಬಬೇಡಿ, ಎಲಿಜಬೆತ್‌ಳನ್ನು ನೋಡಿ. ಅಪ್ಪನ ಸೋದರಿಯ ಮಗಳಾದರೆ 1818, ಇಟಲಿಯ ಕೋಮೋ ಸರೋವರದ ಬಳಿ ಬಡ ರೈತರ ಮನೆಯಲ್ಲಿ ಸಿಕ್ಕವಳಾದರೆ 1831. (ರಕ್ತಸಂಬಂಧದ ಮದುವೆ ಬೇಡವೆಂದು ಬದಲಿಸಿದರು ಎಂದು ಇಂಗ್ಲಿಷ್ ವಿಮರ್ಶಕರು ಬರೆಯುವುದುಂಟು. ಅತ್ತೆ ಮಗಳೆಂದರೆ ಮದುವೆಗೆ ಹಕ್ಕಿರುವವಳು ಎಂದು ಬೆಳೆದ ನಮ್ಮ ಓದುಗರಿಗೆ ಆ ಮುಜುಗರವೇ ತಟ್ಟುವುದಿಲ್ಲ, ಟಿಪ್ಪಣಿ ಬೇಕಾಗುತ್ತದೆ.) ಇನ್ನೊಂದು: ಪುಸ್ತಕ ಉತ್ತರ ಧ್ರುವದತ್ತ ಹೊರಟ ನಾವಿಕ ವಾಲ್ಟನ್ನನ ನಾಲ್ಕು ಪತ್ರಗಳಿಂದ ಶುರುವಾಗಬೇಕು. ನೇರ ಜಿನೀವಾದಿಂದ ಶುರುವಾದರೆ ಅದು ಸಂಕ್ಷೇಪ, ಪಕ್ಕಕ್ಕಿಡಿ.

ಗಾಜಿನಕೊಳವೆ:
ವಿಜ್ಞಾನದ ಕಣ್ಣಿಂದ ಓದುವುದಾದರೆ ವ್ಯತ್ಯಾಸ ಎಣಿಕೆಯಲ್ಲಿ ಮುಗಿಯುವುದಿಲ್ಲ. ಓಕ್ ಮರಕ್ಕೆ ಸಿಡಿಲು ಬಡಿಯುವ ಭಾಗ ತೆಗೆಯಿರಿ. 1818ರಲ್ಲಿ ಅಪ್ಪನೇ ವಿದ್ಯುತ್ತಿನ ಬಗ್ಗೆ ಹೇಳಿ, ಪುಟ್ಟ ಯಂತ್ರ ಮಾಡಿ, ತಂತಿ ಕಟ್ಟಿದ ಗಾಳಿಪಟ ಹಾರಿಸಿ ತೋರಿಸುತ್ತಾನೆ. 1831ರಲ್ಲಿ ಗಾಳಿಪಟ ಹೋಗಿ, ಮನೆಗೆ ಬಂದ ಪಂಡಿತನೊಬ್ಬ ಗ್ಯಾಲ್ವನಿಸಂ (ವಿದ್ಯುತ್ತಿಗೂ ಜೀವಿಗಳ ಸ್ನಾಯುಗಳಿಗೂ ನಂಟು ಹುಡುಕುವ ವಿದ್ಯೆ) ವಿವರಿಸುತ್ತಾನೆ. ವಿಧಿ, ಹಣೆಬರಹದ ಮಾತೂ 1831ರಲ್ಲಿ ಜಾಸ್ತಿ. 1818ರ ವಿಕ್ಟರ್ ತಾನೇ ಆರಿಸಿಕೊಂಡು ಕೆಡುತ್ತಾನೆ. ಹಾಗಾಗಿ ನನ್ನ ಓಟು 1818ಕ್ಕೆ.

ಈ ತಿದ್ದುಪಡಿಗೆ ಹಿನ್ನೆಲೆಯಿದೆ. ಮೊದಲ ಮುದ್ರಣದ ಆಸುಪಾಸಿನಲ್ಲಿ ಲಂಡನ್ನಿನಲ್ಲಿ ಅಬರ್ನೆಥಿ ಮತ್ತು ವಿಲಿಯಂ ಲಾರೆನ್ಸ್ ಎಂಬ ಇಬ್ಬರು ವೈದ್ಯರ ನಡುವೆ ಜಗಳ. ಜೀವವೆಂದರೆ ದೇಹಕ್ಕೆ ಹೊರಗಿನಿಂದ ಸೇರುವ, ವಿದ್ಯುತ್ತಿನಂಥ ಒಂದು ವಸ್ತು ಎಂದು ಅಬರ್ನೆಥಿ. ದೇಹದ ಕೆಲಸವೇ ಜೀವ, ಬೇರೇನಿಲ್ಲ ಎಂದು ಲಾರೆನ್ಸ್. ಶೆಲ್ಲಿ ದಂಪತಿಗೆ ಲಾರೆನ್ಸ್ ಪರಿಚಿತ. 1819ರಲ್ಲಿ ಬಂದ ಅವನ ಉಪನ್ಯಾಸಗಳ ಪುಸ್ತಕ ಧರ್ಮವಿರೋಧಿ ಎಂಬ ಗದ್ದಲಕ್ಕೆ ಸಿಕ್ಕಿ, ಅವನೇ ಅದನ್ನು ಹಿಂತೆಗೆದುಕೊಳ್ಳಬೇಕಾಯಿತು. 1831ರ ಬದಲಾವಣೆಗಳಲ್ಲಿ ಆ ಗದ್ದಲದ ನೆರಳಿದೆ ಎಂಬುದು ವಿಮರ್ಶಕಿ ಮರಿಲಿನ್ ಬಟ್ಲರ್ ಅವರ ವಾದ. ಅವರು ಸಂಪಾದಿಸಿದ ಆಕ್ಸ್‌ಫರ್ಡ್ ಪ್ರತಿ 1818ರ ಪಾಠ, ಅನುಬಂಧದಲ್ಲಿ 1831ರ ತಿದ್ದುಪಡಿಗಳಿವೆ. ಬಳಗಕ್ಕೆ ಒಂದೇ ಒಂದು ಪ್ರತಿ ಕೊಳ್ಳುವುದಾದರೆ ಇದನ್ನೇ ಕೊಳ್ಳಿ. ಮಾರಿಸ್ ಹಿಂಡ್ಲ್ ಸಂಪಾದಿಸಿದ ಪೆಂಗ್ವಿನ್ ಪ್ರತಿ 1831ರದ್ದು.

ಚರ್ಚೆಯಲ್ಲಿ ಎಡವುವ ಜಾಗ: ಸಿಡಿಲಿನಿಂದ ಜೀವ ಬರಿಸುವ ಪ್ರಯೋಗಾಲಯ 1931ರ ಚಿತ್ರದ್ದು. ಕಾದಂಬರಿಯಲ್ಲಿ ರಾತ್ರಿ ಒಂದು ಗಂಟೆ, ಕಿಟಕಿಗೆ ಮಳೆ, ಉರಿದು ಮುಗಿಯುತ್ತಿರುವ ಮೇಣದಬತ್ತಿ, ಒಂದು ಕಿಡಿಯ ಮಾತು, ಅಷ್ಟೆ. ವಿಧಾನವನ್ನು ವಿಕ್ಟರ್ ಬೇಕೆಂದೇ ಮುಚ್ಚಿಡುತ್ತಾನೆ. ಜೀವಿಯ ಎಂಟು ಅಡಿ ಎತ್ತರಕ್ಕೆ ಮಾತ್ರ ಕಾರಣ ಕೊಡುತ್ತಾನೆ: ಸೂಕ್ಷ್ಮ ಭಾಗಗಳನ್ನು ಜೋಡಿಸುವುದು ತಡವಾಗುತ್ತಿತ್ತು, ಅದಕ್ಕೇ ದೊಡ್ಡದಾಗಿ ಮಾಡಿದ. ಇದು ಕೈಕೆಲಸ ಬಲ್ಲವನ ಲೆಕ್ಕ. ಮಾಂತ್ರಿಕ ಹೀಗೆ ಯೋಚಿಸುವುದಿಲ್ಲ.

ಪುಟಗುರುತು:
ಎಣಿಕೆಯ ಸೂತ್ರ ಬರೆದಿಟ್ಟುಕೊಂಡೆ, ಪಾಠಾಂತರ ಅವರೇ. ಇದು ಮೊದಲ ವೈಜ್ಞಾನಿಕ ಕಾದಂಬರಿ ಎನ್ನುವುದು ಎಷ್ಟು ಗಟ್ಟಿ?

ಮೂರನೆಯಗ್ರಹ:
ಆ ವಾದವನ್ನು ಗಟ್ಟಿಯಾಗಿ ಮಂಡಿಸಿದವರು ಬ್ರಿಟಿಷ್ ಕಾದಂಬರಿಕಾರ ಬ್ರಯಾನ್ ಆಲ್ಡಿಸ್, ಈ ಪ್ರಕಾರದ ಇತಿಹಾಸವಾದ 1973ರ ಬಿಲಿಯನ್ ಇಯರ್ ಸ್ಪ್ರೀಯಲ್ಲಿ. ಡೇವಿಡ್ ವಿಂಗ್ರೋವ್ ಜೊತೆ ಅದನ್ನೇ ಹಿಗ್ಗಿಸಿದ್ದು ಟ್ರಿಲಿಯನ್ ಇಯರ್ ಸ್ಪ್ರೀ (1986). ಕೊಂಡರೆ ಎರಡನೆಯದು. ನಿಮಗೆ ಬೇಕಾದ್ದು ಮೊದಲ ಅಧ್ಯಾಯ ಮಾತ್ರ: ಹಳೆಯ ರಸವಾದಿಗಳನ್ನು ಬಿಟ್ಟು ಪ್ರಯೋಗಾಲಯಕ್ಕೆ ಬಂದ ಮೇಲೆಯೇ ವಿಕ್ಟರನಿಗೆ ಫಲ ಸಿಗುವುದು, ತಿರುವು ಅಲ್ಲಿದೆ ಎನ್ನುತ್ತಾರೆ.

ಒಪ್ಪದವರೂ ಇದ್ದಾರೆ. ಆಡಮ್ ರಾಬರ್ಟ್ಸ್ ತಾವು ಬರೆದ ಈ ಪ್ರಕಾರದ ಇತಿಹಾಸದಲ್ಲಿ (2006) ಇನ್ನೂ ಹಿಂದಕ್ಕೆ ಹೋಗುತ್ತಾರೆ; ಕೆಪ್ಲರನ ಚಂದ್ರಯಾನದ ಕಥೆ ಸೋಮ್ನಿಯಂ 1634ರಲ್ಲೇ ಅಚ್ಚಾಗಿತ್ತಲ್ಲ. ಇನ್ನು ಕೆಲವರಿಗೆ 1926ರ ಏಪ್ರಿಲ್‌ನಲ್ಲಿ ಅಮೆರಿಕದ ಪ್ರಕಾಶಕ ಗರ್ನ್ಸ್‌ಬ್ಯಾಕ್ ಅಮೇಜಿಂಗ್ ಸ್ಟೋರೀಸ್ ಪತ್ರಿಕೆ ತೆಗೆಯುವವರೆಗೂ ಇದೊಂದು ಪ್ರಕಾರವೇ ಅಲ್ಲ. ವಿಮರ್ಶಕ ಡಾರ್ಕೊ ಸುವಿನ್ ಈ ಪ್ರಕಾರದ ಬಗ್ಗೆ ಬರೆದ ಪುಸ್ತಕ (1979) ಕಬ್ಬಿಣದ ಕಡಲೆ. ಆದರೆ ನೋವಂ ಎಂಬ ಅವರ ಒಂದು ಪರಿಕಲ್ಪನೆ ಸಾಕು: ಕಥೆಯ ಲೋಕವನ್ನು ನಮ್ಮದರಿಂದ ಬೇರೆ ಮಾಡುವ, ತರ್ಕಕ್ಕೆ ಒಗ್ಗುವ ಒಂದು ಹೊಸತು. ಇಲ್ಲಿ ಅದು ಯಾವುದು, ಜೀವಿಯೋ ಅಥವಾ ಜೀವ ಕೊಡುವ ವಿದ್ಯೆಯೋ? ಮೊದಲ ಸಭೆಗೆ ಈ ಪ್ರಶ್ನೆ ಸಾಕಾಗುತ್ತದೆ.

ಖರ್ಚು ಬೇಡವೆಂದರೆ ಎನ್‌ಸೈಕ್ಲೋಪೀಡಿಯಾ ಆಫ್ ಸೈನ್ಸ್ ಫಿಕ್ಷನ್ 2011ರಿಂದ ಜಾಲದಲ್ಲಿ ಉಚಿತ.

ಪಾಠಾಂತರ:
ಎಣಿಕೆಯಲ್ಲಿ ಒಂದು ಬಿಟ್ಟುಹೋಯಿತು. 1818ರ ಸಂಪುಟ 1, ಅಧ್ಯಾಯ 1 ಎಂದು ಯಾರಾದರೂ ಉಲ್ಲೇಖಿಸಿದರೆ 1831ರಲ್ಲಿ 1, 2 ಎರಡನ್ನೂ ಹುಡುಕಿ. ತಿದ್ದುಪಡಿ ದಟ್ಟವಾಗಿರುವುದು ಅಲ್ಲೇ, ವಾಕ್ಯ ಸಿಗದೆಯೂ ಇರಬಹುದು.