ಮೂರು ಸಲ ಬ್ಲೀಡಿಂಗ್ (ಲೈನಿನೊಳಗಿನ ಗಾಳಿ ತೆಗೆಯುವುದು) ಮಾಡಿದರೂ ಬ್ರೇಕ್ ಪೆಡಲ್ ಮೆತ್ತಗೇ ಇದೆ, ಗಾಳಿ ಎಲ್ಲಿ ಉಳಿದಿರಬಹುದು?

ತುಂಗಾತೀರ:

ಎಲ್ಲರಿಗೂ ನಮಸ್ಕಾರ. ನನ್ನದು 2013ರ ಸಣ್ಣ ಪೆಟ್ರೋಲ್ ಹ್ಯಾಚ್‌ಬ್ಯಾಕ್. ಮುಂದೆ ಡಿಸ್ಕ್, ಹಿಂದೆ ಡ್ರಮ್. ಎಬಿಎಸ್ ಇಲ್ಲ. ಊರು ತೀರ್ಥಹಳ್ಳಿ.

ಹೋದ ತಿಂಗಳು ಮನೆಯವರೆಲ್ಲ ಸೇರಿ ಉಡುಪಿಗೆ ಹೊರಟಿದ್ದೆವು. ಐದು ಜನ, ಡಿಕ್ಕಿ ತುಂಬ ಸಾಮಾನು. ಆಗುಂಬೆ ಘಾಟಿಯಲ್ಲಿ ಮುಂದೆ ಒಂದು ಟೆಂಪೊ ನಿಧಾನಕ್ಕೆ ಇಳಿಯುತ್ತಿತ್ತು. ನಾನು ಮೂರನೇ ಗೇರಿನಲ್ಲಿ, ಬ್ರೇಕಿನ ಮೇಲಿಂದ ಕಾಲು ತೆಗೆಯದೆ ಅದರ ಹಿಂದೆಯೇ ಇಳಿದೆ. ಇನ್ನೆರಡು ತಿರುವು ಇದೆ ಅನ್ನುವಾಗ ಪೆಡಲ್ ಒಮ್ಮೆಲೇ ಕೆಳಗೆ ಹೋಯಿತು. ನಾಲ್ಕೈದು ಸಲ ಪಂಪ್ ಮಾಡಿದ ಮೇಲೆ ಸ್ವಲ್ಪ ಹಿಡಿಯಿತು. ಮೊದಲನೇ ಗೇರಿಗೆ ಇಳಿಸಿ, ಹ್ಯಾಂಡ್‌ಬ್ರೇಕ್ ಎಳೆಯುತ್ತಾ ಹೇಗೋ ಸೋಮೇಶ್ವರ ಮುಟ್ಟಿದೆವು. ಹಿಂದಿನ ಸೀಟಿನಲ್ಲಿ ಅಮ್ಮ, ಮಕ್ಕಳು ಇದ್ದರು. ನನ್ನ ಕೈ ನಡುಗುತ್ತಿತ್ತು. ಅರ್ಧ ಗಂಟೆ ನಿಲ್ಲಿಸಿದ ಮೇಲೆ ಬ್ರೇಕ್ ಮೊದಲಿನ ಹಾಗೇ ಆಯಿತು.

ವಾಪಸ್ ಬಂದು ಒಂದು ಗ್ಯಾರೇಜಿನಲ್ಲಿ ತೋರಿಸಿದೆ. ಘಾಟಿಯಲ್ಲಿ ಹಾಗಾಗುತ್ತದೆ, ಏನೂ ತೊಂದರೆ ಇಲ್ಲ ಎಂದರು. ನನಗೆ ಸಮಾಧಾನ ಆಗಲಿಲ್ಲ. ಬಾನೆಟ್ ಒಳಗಿನ ಬ್ರೇಕ್ ಆಯಿಲ್ ಡಬ್ಬಿ ನೋಡಿದರೆ ಕಾಫಿ ಡಿಕಾಕ್ಷನ್ ಹಾಗೆ ಕಪ್ಪಾಗಿದೆ. ಕಾರು ತಗೊಂಡು ನಾಲ್ಕು ವರ್ಷವಾಯಿತು, ನಾನಂತೂ ಒಂದು ಸಲವೂ ಬದಲಿಸಿಲ್ಲ.

ಹಾಗಾಗಿ ನಾನೇ ಕೆಲಸಕ್ಕೆ ಕೂತೆ. ಮುಂದಿನ ಎರಡೂ ಕ್ಯಾಲಿಪರ್ (ಪ್ಯಾಡನ್ನು ಡಿಸ್ಕಿಗೆ ಒತ್ತಿ ಹಿಡಿಯುವ ಭಾಗ) ಬಿಚ್ಚಿ, ಒಳಗೆ ಕ್ಲೀನ್ ಮಾಡಿ, ಹೊಸ ಸೀಲ್ ಕಿಟ್ ಹಾಕಿದೆ. ಪ್ಯಾಡ್ ಹೊಸದು. ಹೊಸ ಡಾಟ್ 4 ದರ್ಜೆಯ ಬ್ರೇಕ್ ಆಯಿಲ್ ಅರ್ಧ ಲೀಟರ್ ತಂದಿದ್ದೆ. ಅದು ಸಾಲದೆ, ಮನೆಯಲ್ಲಿ ಹೋದ ವರ್ಷ ಒಡೆದಿಟ್ಟ ಅರ್ಧ ಡಬ್ಬಿ ಡಾಟ್ 3 ಇತ್ತು, ಅದನ್ನೂ ಹಾಕಿದೆ. ತಮ್ಮ ಪೆಡಲ್ ಒತ್ತಿದ, ನಾನು ಚಕ್ರದ ಹತ್ತಿರ ಗಾಳಿ ಹೊರಬಿಡುವ ನಿಪ್ಪಲ್ ಬಿಚ್ಚಿದೆ. ನಾಲ್ಕೂ ಚಕ್ರಕ್ಕೆ ಮೂರು ಸಲ ಮಾಡಿದ್ದೇವೆ. ಕೊನೆಗೆ ಗುಳ್ಳೆ ಬರುವುದು ನಿಂತಿತು. ಆದರೆ ಪೆಡಲ್ ಮಾತ್ರ ಸ್ಪಂಜಿನ ಹಾಗೇ ಇದೆ. ಘಾಟಿಗೆ ಹೋಗುವ ಮೊದಲು ಇದ್ದದ್ದಕ್ಕಿಂತ ಈಗಲೇ ಕೆಟ್ಟದಾಗಿದೆ.

ಗಾಳಿ ಎಲ್ಲಿ ಉಳಿದಿರಬಹುದು? ಡಾಟ್ 3, ಡಾಟ್ 4 ಬೆರೆಸಿದ್ದು ತಪ್ಪಾಯಿತೇ?

ಹಳೇಮೆಕ್ಯಾನಿಕ್:

ಮೊದಲು ಒಂದು ಮಾತು. ಪೆಡಲ್ ಗಟ್ಟಿಯಾಗುವ ತನಕ ಕಾರನ್ನು ಗೇಟಿನಿಂದ ಆಚೆ ತೆಗೆಯಬೇಡಿ. ಪಕ್ಕದ ಅಂಗಡಿಗೂ ಬೇಡ.

ಘಾಟಿಯಲ್ಲಿ ಆಗಿದ್ದು ಆಯಿಲ್ ಕುದಿದದ್ದು. "ಏನೂ ತೊಂದರೆ ಇಲ್ಲ" ಅನ್ನುವಂಥದ್ದಲ್ಲ ಅದು. ಬ್ರೇಕ್ ಆಯಿಲ್ ಗಾಳಿಯಲ್ಲಿರುವ ನೀರಿನ ಅಂಶವನ್ನು ಎಳೆದುಕೊಳ್ಳುತ್ತದೆ. ರಬ್ಬರ್ ಹೋಸ್ ಮೂಲಕವೂ ತೇವ ನಿಧಾನಕ್ಕೆ ಒಳಗೆ ಹೋಗುತ್ತದೆ. ನಿಮ್ಮ ಕಡೆ ಮಳೆಗಾಲ ಹೇಗಿರುತ್ತದೆ ಅಂತ ನಿಮಗೇ ಗೊತ್ತು. ಡಾಟ್ 3 ಹೊಸದಿದ್ದಾಗ ಕನಿಷ್ಠ 205 ಡಿಗ್ರಿ ತನಕ ಕುದಿಯಬಾರದು ಎನ್ನುವುದು ನಿಯಮ. ಅದರಲ್ಲಿ ಶೇ. 3.7ರಷ್ಟು ನೀರು ಸೇರಿದರೆ ಆ ಮಿತಿ 140ಕ್ಕೆ ಇಳಿಯುತ್ತದೆ. ಡಾಟ್ 4ಕ್ಕೆ ಇವೇ ಅಂಕಿಗಳು 230 ಮತ್ತು 155. ಕಾಲು ಎತ್ತದೆ ಘಾಟಿ ಇಳಿದರೆ ಡಿಸ್ಕ್ ಕೆಂಡದಂತೆ ಕಾಯುತ್ತದೆ, ಆ ಬಿಸಿ ಪ್ಯಾಡ್ ದಾಟಿ ಪಿಸ್ಟನ್‌ಗೆ, ಅಲ್ಲಿಂದ ಆಯಿಲ್‌ಗೆ ಹೋಗುತ್ತದೆ. ಆಯಿಲ್ ಒತ್ತಿದರೆ ಕುಗ್ಗುವುದಿಲ್ಲ. ಆದರೆ ಕುದಿದು ಆವಿಯಾದರೆ ಆ ಆವಿ ಕುಗ್ಗುತ್ತದೆ. ನೀವು ಒತ್ತಿದ್ದೆಲ್ಲ ಆವಿಯನ್ನು ಕುಗ್ಗಿಸುವುದರಲ್ಲೇ ಮುಗಿಯಿತು. ತಣ್ಣಗಾದ ಮೇಲೆ ಆವಿ ಮತ್ತೆ ಆಯಿಲ್ ಆಯಿತು, ಪೆಡಲ್ ಮೇಲೆ ಬಂತು. ಪ್ಯಾಡ್ ಕಾದು ಹಿಡಿತ ಬಿಟ್ಟಿದ್ದರೆ ಪೆಡಲ್ ಗಟ್ಟಿಯಾಗೇ ಇರುತ್ತಿತ್ತು, ಕಾರು ಮಾತ್ರ ನಿಲ್ಲುತ್ತಿರಲಿಲ್ಲ. ನಿಮ್ಮದು ಹಾಗಲ್ಲ.

ಡಾಟ್ 3 ಮತ್ತು 4 ಬೆರೆತರೆ ಹಾಳಾಗುವುದೇನೂ ಇಲ್ಲ, ಎರಡೂ ಗ್ಲೈಕಾಲ್ ಜಾತಿಯವೇ. ತಪ್ಪಾಗಿದ್ದು ಒಡೆದಿಟ್ಟ ಡಬ್ಬಿ. ಒಂದು ವರ್ಷ ತೆರೆದಿದ್ದ ಆಯಿಲ್ ಅಂದರೆ ನೀರು ಕುಡಿದ ಆಯಿಲ್. ಘಾಟಿಯಲ್ಲಿ ನಿಮ್ಮನ್ನು ಹೆದರಿಸಿದ ವಸ್ತುವನ್ನೇ ಮತ್ತೆ ಒಳಗೆ ಹಾಕಿದ್ದೀರಿ. ಸೀಲ್ ಒಡೆಯದ ಒಂದು ಲೀಟರ್ ಡಾಟ್ 4 ತನ್ನಿ. ಆದರೆ ಈ ಮೆತ್ತಗಿನ ಪೆಡಲ್‌ಗೆ ಅದು ಕಾರಣ ಅಲ್ಲ. ತಣ್ಣಗಿದ್ದಾಗ ಹಳೇ ಆಯಿಲ್ ಕೂಡ ಪೆಡಲನ್ನು ಗಟ್ಟಿಯಾಗೇ ಇಡುತ್ತದೆ.

ಮೆತ್ತಗೆ ಅಂದರೆ ಹೇಗೆ ಮೆತ್ತಗೆ ಅನ್ನುವುದು ಮುಖ್ಯ. ಇವನ್ನು ಮಾಡಿ ನೋಡಿ ತಿಳಿಸಿ.

ಎಂಜಿನ್ ಆಫ್ ಮಾಡಿ ಪೆಡಲ್ ಒತ್ತಿ ಒಂದು ನಿಮಿಷ ಹಾಗೇ ಹಿಡಿಯಿರಿ. ನಿಧಾನಕ್ಕೆ ಕೆಳಗೆ ಇಳಿಯುತ್ತಾ ಹೋದರೆ ಮಾಸ್ಟರ್ ಸಿಲಿಂಡರ್ (ಪೆಡಲ್ ಒತ್ತಿದಾಗ ಆಯಿಲನ್ನು ಚಕ್ರಗಳ ಕಡೆ ತಳ್ಳುವ ಭಾಗ) ಒಳಗಿನ ಸೀಲ್ ಸೋರುತ್ತಿದೆ, ಇಲ್ಲವೇ ಹೊರಗೆಲ್ಲೋ ಲೀಕ್ ಇದೆ. ಇದನ್ನು ಯಾಕೆ ಕೇಳುತ್ತಿದ್ದೇನೆ ಅಂದರೆ, ಬ್ಲೀಡಿಂಗ್ ಮಾಡುವಾಗ ಪೆಡಲನ್ನು ನೆಲಕ್ಕೆ ತಾಗಿಸುತ್ತಾರೆ. ಹಳೇ ಗಾಡಿಯಲ್ಲಿ ಸಿಲಿಂಡರಿನ ಆ ಕೊನೆಯ ಭಾಗಕ್ಕೆ ಪಿಸ್ಟನ್ ಎಂದೂ ಹೋಗಿರುವುದಿಲ್ಲ. ಅಲ್ಲಿ ತುಕ್ಕು, ಕೊಳೆ ಕೂತಿರುತ್ತದೆ. ಸೀಲ್ ಅದರ ಮೇಲೆ ಉಜ್ಜಿ ಹರಿಯುತ್ತದೆ. ಪೆಡಲ್ ಕೆಳಗೆ ಒಂದು ಮರದ ತುಂಡು ಇಟ್ಟುಕೊಂಡರೆ ಈ ಕಾಟ ಇಲ್ಲ.

ಆಮೇಲೆ ಕಾರನ್ನು ಸಮತಟ್ಟಾದ ಜಾಗದಲ್ಲಿ ನಿಲ್ಲಿಸಿ, ಹ್ಯಾಂಡ್‌ಬ್ರೇಕ್ ಗಟ್ಟಿಯಾಗಿ ಎಳೆದು ಪೆಡಲ್ ಒತ್ತಿ. ಎಳೆಯದೆಯೂ ಒತ್ತಿ. ಎಳೆದಾಗ ಪೆಡಲ್ ಎಷ್ಟೋ ಮೇಲೆ ನಿಂತರೆ ಹಿಂದಿನ ಶೂ ಡ್ರಮ್‌ನಿಂದ ದೂರ ಇದೆ ಎಂದರ್ಥ. ಅದು ಅಡ್ಜಸ್ಟ್‌ಮೆಂಟ್ ಕೆಲಸ, ಎಷ್ಟು ಬ್ಲೀಡಿಂಗ್ ಮಾಡಿದರೂ ಹೋಗುವುದಿಲ್ಲ.

ಮೂರನೆಯದಕ್ಕೆ ತಮ್ಮನನ್ನು ಕರೆಯಿರಿ. ಆಯಿಲ್ ಡಬ್ಬಿಯ ಮುಚ್ಚಳ ತೆಗೆದಿರಲಿ. ಅವರು ಬೇಗ ಬೇಗ ಪಂಪ್ ಮಾಡಿ, ಒತ್ತಿ ಹಿಡಿದು, ಒಮ್ಮೆಲೇ ಕಾಲು ತೆಗೆಯಲಿ. ನೀವು ಸ್ವಲ್ಪ ದೂರದಿಂದ ಡಬ್ಬಿ ನೋಡಿ. ಕಣ್ಣು ಜೋಪಾನ. ಆಯಿಲ್ ಬುಗ್ಗೆಯಂತೆ ಮೇಲೆ ಚಿಮ್ಮಿದರೆ ಒಳಗೆ ಗಾಳಿ ಇರುವುದು ಗ್ಯಾರಂಟಿ. ಕುಗ್ಗಿದ ಗಾಳಿ ಹಿಗ್ಗಿ ಆಯಿಲನ್ನು ಹಿಂದಕ್ಕೆ ತಳ್ಳುತ್ತದೆ.

ಇನ್ನೊಂದು. ಕ್ಯಾಲಿಪರ್ ಒಳಭಾಗವನ್ನು ಪೆಟ್ರೋಲಿನಲ್ಲೋ ಸೀಮೆಎಣ್ಣೆಯಲ್ಲೋ ತೊಳೆದಿಲ್ಲ ತಾನೆ?

ಕರಾವಳಿ_ಕಾರು:

ನಡುವೆ ಬಂದಿದ್ದಕ್ಕೆ ಕ್ಷಮಿಸಿ. ನನ್ನ ಕಾರಿನಲ್ಲಿ ಎಬಿಎಸ್ ಇದೆ. ಡಾಟ್ 5 ಹಾಕಿದರೆ ನೀರೇ ಎಳೆದುಕೊಳ್ಳುವುದಿಲ್ಲ ಅಂತ ಗೆಳೆಯರೊಬ್ಬರು ಹೇಳಿದರು. ನಮ್ಮ ಮಂಗಳೂರಿನ ಹವೆಗೆ ಅದೇ ಒಳ್ಳೆಯದು ಅಲ್ವಾ?

ಹಳೇಮೆಕ್ಯಾನಿಕ್:

ದಯವಿಟ್ಟು ಹಾಕಬೇಡಿ. ಡಾಟ್ 5 ಸಿಲಿಕೋನ್ ಆಯಿಲ್. ಗ್ಲೈಕಾಲ್ ಆಯಿಲ್ ಜೊತೆ ಬೆರೆಯುವುದಿಲ್ಲ. ನೀರನ್ನು ಎಳೆದುಕೊಳ್ಳುವುದಿಲ್ಲ ಎನ್ನುವುದು ನಿಜ. ಆದರೆ ಒಳಗೆ ಹೋದ ನೀರು ಬೇರೆಯಾಗಿ ತಗ್ಗಿನಲ್ಲಿ ನಿಲ್ಲುತ್ತದೆ. ಕ್ಯಾಲಿಪರ್ ಹತ್ತಿರ ನಿಂತರೆ 100 ಡಿಗ್ರಿಗೇ ಕುದಿಯುತ್ತದೆ, ಅಲ್ಲೇ ತುಕ್ಕೂ ಹಿಡಿಯುತ್ತದೆ. ಸಣ್ಣ ಸಣ್ಣ ಗುಳ್ಳೆಗಳನ್ನೂ ಹಿಡಿದಿಟ್ಟುಕೊಳ್ಳುತ್ತದೆ, ಅದಕ್ಕೇ ಎಬಿಎಸ್ ಇರುವ ಕಾರಿಗೆ ಅದು ಆಗಿಬರುವುದಿಲ್ಲ. ಡಾಟ್ 5.1 ಬೇರೆ, ಅದು ಗ್ಲೈಕಾಲ್ ಜಾತಿ, ಹೊಸದಿದ್ದಾಗ 260, ನೀರು ಸೇರಿದ ಮೇಲೆ 180. ಹೆಸರಿನಲ್ಲಿ ಒಂದು ಚುಕ್ಕಿಯ ವ್ಯತ್ಯಾಸ ಅಷ್ಟೇ, ವಸ್ತು ಪೂರ್ತಿ ಬೇರೆ. ನಿಮ್ಮ ಕಾರಿನ ಆಯಿಲ್ ಡಬ್ಬಿಯ ಮುಚ್ಚಳದ ಮೇಲೆ ಏನು ಬರೆದಿದೆಯೋ ಅದನ್ನು ಹಾಕಿ. ಕಾರಿನ ಪುಸ್ತಕದಲ್ಲಿ ಬೇರೆ ಅವಧಿ ಹೇಳಿಲ್ಲದಿದ್ದರೆ ಎರಡು ವರ್ಷಕ್ಕೊಮ್ಮೆ ಬದಲಿಸಿ. ಕರಾವಳಿಯ ಹವೆಗೆ ಅದಕ್ಕಿಂತ ಒಳ್ಳೆಯ ಮದ್ದಿಲ್ಲ.

ತುಂಗಾತೀರ:

ಮೂರನ್ನೂ ಮಾಡಿದೆ ಸರ್. ಒಂದು ನಿಮಿಷ ಒತ್ತಿ ಹಿಡಿದರೂ ಪೆಡಲ್ ಇಳಿಯಲಿಲ್ಲ, ಅಲ್ಲೇ ನಿಂತಿತು. ಹ್ಯಾಂಡ್‌ಬ್ರೇಕ್ ಎಳೆದರೆ ವ್ಯತ್ಯಾಸ ಇಲ್ಲವೇ ಇಲ್ಲ ಅನ್ನಬಹುದು. ಆದರೆ ಡಬ್ಬಿಯಲ್ಲಿ ಆಯಿಲ್ ಚಿಮ್ಮಿತು! ಎರಡು ಹನಿ ಬಾನೆಟ್ ಅಂಚಿನ ಪೇಂಟ್ ಮೇಲೆ ಬಿತ್ತು.

ಪೆಟ್ರೋಲ್ ಮುಟ್ಟಿಲ್ಲ. ಕಿಟ್ ಕೊಟ್ಟ ಅಂಗಡಿಯವರು ಬ್ರೇಕ್ ಆಯಿಲಿನಲ್ಲೇ ತೊಳೆಯಿರಿ ಎಂದಿದ್ದರು, ಹಾಗೇ ಮಾಡಿದೆ.

ಗಾಳಿ ಇದೆ ಅಂತಾಯಿತು. ಮತ್ತೆ ಮೂರು ಸಲ ಬ್ಲೀಡಿಂಗ್ ಮಾಡಿದರೂ ಯಾಕೆ ಬರಲಿಲ್ಲ?

ಹಳೇಮೆಕ್ಯಾನಿಕ್:

ಮೊದಲು ಆ ಪೇಂಟ್ ಮೇಲೆ ನೀರು ಸುರಿಯಿರಿ. ಬಟ್ಟೆಯಲ್ಲಿ ಉಜ್ಜಬೇಡಿ. ಬ್ರೇಕ್ ಆಯಿಲ್ ಪೇಂಟನ್ನು ಕಿತ್ತುಬಿಡುತ್ತದೆ, ಆದರೆ ನೀರಿನಲ್ಲಿ ಚೆನ್ನಾಗಿ ಕರಗಿಹೋಗುತ್ತದೆ.

ಅಂಗಡಿಯವರು ಸರಿಯಾಗೇ ಹೇಳಿದ್ದಾರೆ. ಪೆಟ್ರೋಲ್, ಡೀಸೆಲ್, ಎಂಜಿನ್ ಆಯಿಲ್ ಯಾವುದೂ ಬ್ರೇಕಿನ ಒಳಗೆ ಹೋಗಬಾರದು, ರಬ್ಬರ್ ಊದಿಕೊಳ್ಳುತ್ತದೆ.

ಈಗ ಮುಂದಿನ ಎರಡೂ ಚಕ್ರ ಬಿಚ್ಚಿ, ಕ್ಯಾಲಿಪರ್ ನೋಡಿ. ಗಾಳಿ ತೆಗೆಯುವ ನಿಪ್ಪಲ್ ಎಲ್ಲಿದೆ? ಹೋಸ್ ಸೇರುವ ಜಾಗಕ್ಕಿಂತ ಮೇಲಿದೆಯೋ, ಕೆಳಗಿದೆಯೋ? ಎರಡೂ ಕ್ಯಾಲಿಪರ್ ಒಟ್ಟಿಗೆ ಬಿಚ್ಚಿ ತೊಳೆದೆ ಎಂದಿರಲ್ಲ, ಅದು ಓದಿದಾಗಿನಿಂದ ನನಗೆ ಇದೇ ಅನುಮಾನ.

ತುಂಗಾತೀರ:

ಸರ್, ಎರಡರಲ್ಲೂ ನಿಪ್ಪಲ್ ಕೆಳಗೇ ಇದೆ! ಹೋಸ್ ಮೇಲಿದೆ. ಮೊದಲು ಹೇಗಿತ್ತು ಅಂತ ಫೋಟೊ ತೆಗೆದಿರಲಿಲ್ಲ.

ಹಳೇಮೆಕ್ಯಾನಿಕ್:

ಸಿಕ್ಕಿತು. ಎಡಗಡೆಯದು ಬಲಕ್ಕೆ, ಬಲಗಡೆಯದು ಎಡಕ್ಕೆ ಹೋಗಿದೆ. ಬೋಲ್ಟ್ ಸರಿಯಾಗಿ ಕೂರುತ್ತದೆ, ಪ್ಯಾಡ್ ಕೂರುತ್ತದೆ, ಹೋಸ್ ಕೂಡ ಸೇರುತ್ತದೆ, ಹಾಗಾಗಿ ಗೊತ್ತೇ ಆಗುವುದಿಲ್ಲ. ಇದನ್ನು ನಾನು ಗ್ಯಾರೇಜಿನಲ್ಲಿದ್ದಾಗ ಎಷ್ಟೋ ಸಲ ನೋಡಿದ್ದೇನೆ, ನಮ್ಮ ಹುಡುಗರೂ ಮಾಡಿದ್ದಾರೆ.

ಗಾಳಿ ಯಾವಾಗಲೂ ಮೇಲಕ್ಕೆ ಹೋಗುತ್ತದೆ. ನಿಪ್ಪಲ್ ಕೆಳಗಿದ್ದರೆ ನೀವು ಎಷ್ಟು ಸಲ ಬಿಚ್ಚಿದರೂ ಕೆಳಗಿನ ಆಯಿಲ್ ಮಾತ್ರ ಹೊರಗೆ ಬರುತ್ತದೆ. ಪಿಸ್ಟನ್ ಹಿಂದೆ ಮೇಲ್ಭಾಗದಲ್ಲಿ ಕೂತ ಗಾಳಿ ಅಲ್ಲೇ ಇರುತ್ತದೆ. ಅದಕ್ಕೇ ಪೈಪಿನಲ್ಲಿ ಗುಳ್ಳೆ ನಿಂತರೂ ಪೆಡಲ್ ಗಟ್ಟಿಯಾಗಲಿಲ್ಲ.

ಎರಡನ್ನೂ ಬಿಚ್ಚಿ ಅದಲು ಬದಲು ಮಾಡಿ. ಹೋಸ್ ಬೋಲ್ಟಿನ ಎರಡೂ ಕಡೆ ಇರುವ ತಾಮ್ರದ ವಾಷರ್ ಹೊಸದೇ ಹಾಕಬೇಕು. ಹಳೆಯದು ಒಮ್ಮೆ ಒತ್ತಿ ಕೂತಿರುತ್ತದೆ, ಮತ್ತೆ ಹಾಕಿದರೆ ಸೋರಬಹುದು. ಬಿಗಿ ಮಾಡಿದ ಮೇಲೆ ಹೋಸ್ ತಿರುಚಿಕೊಂಡಿಲ್ಲ, ಸ್ಟೀರಿಂಗ್ ಪೂರ್ತಿ ತಿರುಗಿಸಿದರೂ ಟೈರಿಗೆ ತಾಗುವುದಿಲ್ಲ ಎಂದು ನೋಡಿಕೊಳ್ಳಿ.

ಆಮೇಲೆ ಅವಸರ ಮಾಡಬೇಡಿ. ಮೊದಲು ಯಾರೂ ಪೆಡಲ್ ಒತ್ತುವುದು ಬೇಡ. ಡಬ್ಬಿ ತುಂಬಿಸಿ, ಮುಚ್ಚಳ ಸಡಿಲ ಬಿಟ್ಟು, ಮುಂದಿನ ನಿಪ್ಪಲ್ ತೆರೆದು ಸುಮ್ನೆ ಕೂತುಕೊಳ್ಳಿ. ಆಯಿಲ್ ತಾನಾಗಿ ಇಳಿದು ಹನಿ ಹನಿಯಾಗಿ ಬರಲು ಶುರುವಾಗುತ್ತದೆ. ಖಾಲಿಯಾದ ಕ್ಯಾಲಿಪರ್ ತುಂಬಲು ಇದಕ್ಕಿಂತ ನೆಮ್ಮದಿಯ ದಾರಿ ಇಲ್ಲ. ಡಬ್ಬಿ ಮಾತ್ರ ಖಾಲಿಯಾಗಲು ಬಿಡಬೇಡಿ. ಒಮ್ಮೆ ತಳ ಕಂಡರೆ ಮಾಸ್ಟರ್ ಸಿಲಿಂಡರಿಗೇ ಗಾಳಿ ಹೋಗುತ್ತದೆ, ಕೆಲಸ ಮತ್ತೆ ಮೊದಲಿಂದ.

ಅದಾದ ಮೇಲೆ ತಮ್ಮನನ್ನು ಕೂರಿಸಿ. ಅಕ್ವೇರಿಯಂ ಅಂಗಡಿಯಲ್ಲಿ ಸಿಗುವ ಸಣ್ಣ ಪಾರದರ್ಶಕ ಪೈಪ್ ನಿಪ್ಪಲ್‌ಗೆ ಹಾಕಿ, ಇನ್ನೊಂದು ತುದಿ ಬಾಟಲಿಯಲ್ಲಿ ಸ್ವಲ್ಪ ಹೊಸ ಆಯಿಲಿನೊಳಗೆ ಮುಳುಗಿರಲಿ. ನೀವು "ಒತ್ತು" ಎನ್ನಿ. ಅವರು ಒತ್ತಿ "ಹಿಡಿದಿದ್ದೇನೆ" ಎಂದ ಮೇಲೇ ನಿಪ್ಪಲ್ ಕಾಲು ಸುತ್ತು ತೆರೆಯಿರಿ. ನಿಪ್ಪಲ್ ಮುಚ್ಚಿದ ಮೇಲೇ "ಬಿಡು" ಎನ್ನಿ. ಈ ಕ್ರಮ ತಪ್ಪಿ, ನಿಪ್ಪಲ್ ತೆರೆದಿರುವಾಗಲೇ ಅವರು ಕಾಲು ಎತ್ತಿದರೆ ಥ್ರೆಡ್ ಸುತ್ತಲಿಂದ ಗಾಳಿ ಒಳಗೆ ಎಳೆದುಕೊಳ್ಳುತ್ತದೆ. ರಿಂಗ್ ಸ್ಪ್ಯಾನರ್ ಬಳಸಿ. ನಿಪ್ಪಲ್ ಒಳಗೆ ಟೊಳ್ಳು, ಜಾಸ್ತಿ ಬಲ ಹಾಕಿದರೆ ಮುರಿಯುತ್ತದೆ. ಕೂರುವಷ್ಟು ಬಿಗಿ ಸಾಕು.

ಯಾವ ಚಕ್ರ ಮೊದಲು ಅಂದರೆ, ಮಾಸ್ಟರ್ ಸಿಲಿಂಡರಿಗೆ ದೂರದ್ದು ಮೊದಲು ಎನ್ನುವುದು ಹಳೇ ರೂಢಿ. ನಮ್ಮ ಬಲಗಡೆ ಸ್ಟೀರಿಂಗ್ ಕಾರಿನಲ್ಲಿ ಹಿಂದಿನ ಎಡ ಚಕ್ರದಿಂದ ಶುರು. ಆದರೆ ಲೈನ್ ಅಡ್ಡಡ್ಡ (ಮುಂದಿನ ಒಂದು ಚಕ್ರಕ್ಕೆ ಹಿಂದಿನ ಎದುರು ಬದಿಯ ಚಕ್ರ ಜೋಡಿಯಾಗಿ) ಹೋಗಿರುವ ಕಾರುಗಳಿಗೆ ಕಂಪನಿಯವರು ಬೇರೆ ಕ್ರಮ ಹೇಳಿರಬಹುದು. ಸರ್ವಿಸ್ ಮ್ಯಾನ್ಯುಯಲ್ ಹೇಳಿದ್ದೇ ಅಂತಿಮ. ಒಡೆದಿಟ್ಟ ಡಬ್ಬಿಯ ಆಯಿಲ್ ನಾಲ್ಕೂ ಲೈನಿಗೆ ಹೋಗಿದೆಯಲ್ಲ, ಹಾಗಾಗಿ ಹಿಂದಿನವನ್ನೂ ಹೊಸ ಆಯಿಲ್ ಬರುವ ತನಕ ಬಿಡಿ.

ಕಾರಿನ ಕೆಳಗೆ ಕೈ ಹಾಕುವಾಗ ಬರೀ ಜಾಕಿ ನಂಬಬೇಡಿ. ಸ್ಟ್ಯಾಂಡ್ ಇರಲಿ.

ತುಂಗಾತೀರ:

ಭಾನುವಾರ ಕೆಲಸ ಮುಗಿಯಿತು. ಕ್ಯಾಲಿಪರ್ ಅದಲು ಬದಲು ಮಾಡಿದೆ, ಹೊಸ ವಾಷರ್ ಹಾಕಿದೆ. ಸುಮ್ನೆ ಕೂತಿದ್ದಕ್ಕೇ ಬಲಗಡೆಯ ಪೈಪಿನಲ್ಲಿ ದೊಡ್ಡ ದೊಡ್ಡ ಗುಳ್ಳೆ ಬಂದವು. ಎಡಗಡೆ ನಿಧಾನವಾಯಿತು, ಇಪ್ಪತ್ತು ನಿಮಿಷ ಹಿಡಿಯಿತು. ಆಮೇಲೆ ತಮ್ಮ ಪೆಡಲ್ ಒತ್ತಿ, "ಅಣ್ಣಾ, ಈಗ ಕಲ್ಲಿನ ಹಾಗಿದೆ" ಎಂದ. ಅದನ್ನು ಕೇಳಿ ಎಷ್ಟು ನೆಮ್ಮದಿಯಾಯಿತು ಅಂತ ಹೇಳಲಾರೆ.

ಎಂಜಿನ್ ಆಫ್ ಮಾಡಿ ಒತ್ತಿ ಹಿಡಿದೆ, ಇಳಿಯಲಿಲ್ಲ. ಹಿಡಿದಿರುವಾಗಲೇ ಸ್ಟಾರ್ಟ್ ಮಾಡಿದರೆ ಒಂಚೂರು ಕೆಳಗೆ ಹೋಗಿ ನಿಂತಿತು. ಡಬ್ಬಿಯಲ್ಲಿ ಆಯಿಲ್ ಚಿಮ್ಮುವುದೂ ನಿಂತಿದೆ. ಎಲ್ಲಾ ಕಡೆ ಬಟ್ಟೆ ಒತ್ತಿ ನೋಡಿದೆ, ಲೀಕ್ ಇಲ್ಲ. ಅಂಗಳದಲ್ಲೇ ಹತ್ತು ಸಲ ಹಿಂದೆ ಮುಂದೆ ಓಡಿಸಿ ಬ್ರೇಕ್ ಹಾಕಿದೆ. ಬಾನೆಟ್ ಅಂಚಿನ ಪೇಂಟ್ ಉಳಿದಿದೆ.

ಬಾಟಲಿಯಲ್ಲಿ ಮುಕ್ಕಾಲು ಲೀಟರ್ ಹಳೇ ಆಯಿಲ್ ಇದೆ. ತೋಟದ ಆಚೆ ಗುಂಡಿಗೆ ಸುರಿಯಬಹುದೇ?

ಹಳೇಮೆಕ್ಯಾನಿಕ್:

ಒಳ್ಳೆಯದಾಯಿತು. ಸ್ಟಾರ್ಟ್ ಮಾಡಿದಾಗ ಪೆಡಲ್ ಸ್ವಲ್ಪ ಇಳಿಯುವುದು ಬೂಸ್ಟರ್ (ಕಾಲಿನ ಒತ್ತಡಕ್ಕೆ ಬಲ ಸೇರಿಸುವ ಭಾಗ) ಕೆಲಸ ಮಾಡುತ್ತಿದೆ ಎಂಬುದರ ಗುರುತು, ಹಾಗೇ ಇರಬೇಕು.

ಗುಂಡಿಗೆ ಬೇಡ, ಮಳೆಗಾಲದಲ್ಲಿ ನೀರಿನ ಜೊತೆ ಬಾವಿಗೆ ಇಳಿಯುತ್ತದೆ. ಬಾಟಲಿಗೆ "ಹಳೇ ಬ್ರೇಕ್ ಆಯಿಲ್, ವಿಷ" ಎಂದು ಬರೆದು ಮಕ್ಕಳ ಕೈಗೆ ಸಿಗದ ಹಾಗೆ ಇಡಿ. ವೇಸ್ಟ್ ಆಯಿಲ್ ಸರಿಯಾಗಿ ವಿಲೇವಾರಿ ಮಾಡುವ ಸರ್ವಿಸ್ ಸೆಂಟರ್ ಯಾವುದಾದರೂ ಇದ್ದರೆ ಅವರಿಗೆ ಕೊಡಿ. ಎಂಜಿನ್ ಆಯಿಲಿನ ಡ್ರಮ್ಮಿಗೆ ಸುರಿಯದೆ ಬೇರೆಯಾಗೇ ಇಡಲು ಹೇಳಿ.

ಒಂದು ವಾರ ಊರಲ್ಲೇ ಓಡಿಸಿ. ದಿನಾ ಬೆಳಗ್ಗೆ ಡಬ್ಬಿಯ ಮಟ್ಟ ನೋಡಿ, ಹೋಸ್ ಬೋಲ್ಟ್ ಹತ್ತಿರ ಬೆರಳಾಡಿಸಿ. ಒಣಗಿದ್ದರೆ ಆಗುಂಬೆ ಇಳಿಯಬಹುದು. ಎರಡನೇ ಗೇರಿನಲ್ಲಿ ಇಳಿಯಿರಿ, ತಿರುವಿಗೆ ಮೊದಲು ಗಟ್ಟಿಯಾಗಿ ಒತ್ತಿ ಪೂರ್ತಿ ಬಿಡಿ. ಮುಂದೆ ಟೆಂಪೊ ಸಿಕ್ಕರೆ ಜಾಗ ನೋಡಿ ಐದು ನಿಮಿಷ ನಿಂತುಬಿಡಿ, ಅದು ಮುಂದೆ ಹೋಗಲಿ.