ಪ್ರಶ್ನೋತ್ತರ: ಪಾಸ್‌ಪೋರ್ಟ್ ಅರ್ಜಿ ಎಲ್ಲಿದೆ, ಕೈಗೆ ಯಾವಾಗ ಬರುತ್ತೆ?

ಅಡ್ಮಿನ್: ಪಾಸ್‌ಪೋರ್ಟ್ ಕಚೇರಿಯಲ್ಲಿ ಕೆಲಸ ಮಾಡಿ ನಿವೃತ್ತರಾದ ಮೇಡಂ ಇವತ್ತು ಗುಂಪಿನಲ್ಲಿದ್ದಾರೆ. ಅರ್ಜಿ ಕೊಟ್ಟ ಮೇಲಿನ ಪ್ರಶ್ನೆಗಳನ್ನು ಮಾತ್ರ ಕೇಳಿ.

ದಾರಿಹೋಕ: ನಮಸ್ಕಾರ ಮೇಡಂ. ಸೇವಾ ಕೇಂದ್ರಕ್ಕೆ ಹೋಗಿ ಬಂದು ವಾರ ಆಯ್ತು. ಸೈಟಿನಲ್ಲಿ ಎಆರ್‌ಎನ್ ಹಾಕಿದರೆ ಸ್ಟೇಟಸ್ ಬರ್ತಿಲ್ಲ.

ಮೇಡಂ: ನಮಸ್ಕಾರ. ಎಆರ್‌ಎನ್ ಅಂದರೆ ಆನ್‌ಲೈನ್ ಅರ್ಜಿ ಹಾಕಿದಾಗ ಸಿಗೋ ನಂಬರ್. ಟ್ರ್ಯಾಕ್ ಮಾಡಲು ಬೇಕಾದದ್ದು ಫೈಲ್ ನಂಬರ್. ಎ, ಬಿ, ಸಿ ಕೌಂಟರ್ ಮುಗಿಸಿ ಹೊರಡುವಾಗ ಕೊಟ್ಟ ಸ್ವೀಕೃತಿ ಚೀಟಿಯಲ್ಲಿದೆ. ಅಕ್ಷರ, ಅಂಕಿ ಸೇರಿ 15 ಇರುತ್ತೆ. ಅದನ್ನೂ ಜನ್ಮದಿನಾಂಕವನ್ನೂ ಹಾಕಿ. ಎಂಪಾಸ್‌ಪೋರ್ಟ್ ಸೇವಾ ಆಪ್‌ನಲ್ಲೂ ನೋಡಬಹುದು.

ಮೂವರ ಅಪ್ಪ: ಮೇಡಂ, ಪೊಲೀಸ್ ವೆರಿಫಿಕೇಶನ್ ಮುಗಿದಿದೆ ಅಂತ ಠಾಣೆಯಲ್ಲಿ ಹೇಳಿದ್ರು. ಸೈಟಿನಲ್ಲಿ ಮಾತ್ರ ‘ಅಂಡರ್ ರಿವ್ಯೂ’ ಅಂತಲೇ ಇದೆ.

ಮೇಡಂ: ಠಾಣೆಯಲ್ಲಿ ಮುಗಿದರೆ ಆಗಲಿಲ್ಲ. ವರದಿ ಪ್ರಾದೇಶಿಕ ಪಾಸ್‌ಪೋರ್ಟ್ ಕಚೇರಿಗೆ ತಲುಪಬೇಕು, ಅಲ್ಲಿ ಅದನ್ನು ನೋಡಿ ಒಪ್ಪಬೇಕು. ತುಂಬಾ ದಿನ ಹೀಗೇ ನಿಂತಿದ್ದರೆ ಸೈಟಿನಲ್ಲೇ ವಿಚಾರಣೆಗೆ ಅಪಾಯಿಂಟ್‌ಮೆಂಟ್ ತೆಗೆದುಕೊಂಡು ಮೂಲ ದಾಖಲೆಗಳ ಸಮೇತ ಹೋಗಿ. ಸಹಾಯವಾಣಿ 1800-258-1800.

ಹಸಿರು ಎಲೆ: ಒಂದು ಫಾರ್ವರ್ಡ್ ಬಂದಿದೆ, ಎಲ್ಲರಿಗೂ ಉಪಯೋಗ ಆಗಬಹುದು. ಅರ್ಜಿ ನಿಂತು ಹೋದರೆ ತತ್ಕಾಲ್‌ನಲ್ಲಿ ಇನ್ನೊಂದು ಅರ್ಜಿ ಹಾಕಬೇಕಂತೆ. ಹಳೆಯದು ತಾನಾಗಿ ರದ್ದಾಗಿ ಹೊಸದು ಬೇಗ ಬರುತ್ತಂತೆ.

ಮೇಡಂ: ದಯವಿಟ್ಟು ಯಾರೂ ಹೀಗೆ ಮಾಡಬೇಡಿ. ಮೊದಲಿನ ಅರ್ಜಿ ಮುಚ್ಚಿಟ್ಟರೆ ಎರಡು ಫೈಲೂ ಒಂದಕ್ಕೊಂದು ಸಿಕ್ಕಿಕೊಂಡು ನಿಲ್ಲುತ್ತವೆ. ಪಾಸ್‌ಪೋರ್ಟ್‌ಗಾಗಿ ಸುಳ್ಳು ಹೇಳೋದು, ಮಾಹಿತಿ ಮುಚ್ಚಿಡೋದು 1967ರ ಪಾಸ್‌ಪೋರ್ಟ್ ಕಾಯ್ದೆಯ 12ನೇ ಕಲಂ ಪ್ರಕಾರ ಅಪರಾಧ.

ಮಳೆಬಿಲ್ಲು: ಮೇಡಂ, ತುಂಬಾ ಭಯ ಆಗ್ತಿದೆ. ಅರ್ಜಿ ಹಾಕಿದಾಗ ಪಿಜಿಯಲ್ಲಿದ್ದೆ. ಪೊಲೀಸ್ ವೆರಿಫಿಕೇಶನ್ ಅಲ್ಲೇ ಆಯ್ತು. ಆಮೇಲೆ ಗೆಳತಿಯ ಮನೆಗೆ ಬಂದೆ. ಇವತ್ತು ಸ್ಪೀಡ್ ಪೋಸ್ಟ್ ನೋಡಿದರೆ ‘ಡೆಲಿವರ್ಡ್’ ಅಂತಿದೆ. ನನಗೆ ಬಂದಿಲ್ಲ. ಪಿಜಿಯವರು ಫೋನ್ ಎತ್ತುತ್ತಿಲ್ಲ. ಮುಂದಿನ ತಿಂಗಳು ಕೆಲಸಕ್ಕೆ ಸೇರಬೇಕು. ಸ್ವೀಕೃತಿ ಚೀಟಿಯ ಫೋಟೊ ಹಾಕಿದ್ದೇನೆ, ನೋಡಿ.

ಮೇಡಂ: ಮೊದಲು ಆ ಫೋಟೊ ಅಳಿಸಿ, ಈಗಲೇ. ಅದರಲ್ಲಿ ಫೈಲ್ ನಂಬರೂ ಇದೆ, ಜನ್ಮದಿನಾಂಕವೂ ಇದೆ. ಗುಂಪಿನಲ್ಲಿರೋ ಯಾರು ಬೇಕಾದರೂ ನಿಮ್ಮ ಅರ್ಜಿ ತೆರೆದು ನೋಡಬಹುದು.

ಈಗ ಕೇಳಿ. ಇವತ್ತು ಬಂದ ಪ್ರಶ್ನೆಗಳಲ್ಲಿ ನನಗೆ ಚಿಂತೆ ಆಗಿರೋದು ನಿಮ್ಮದೇ. ತಡವಾಗಿರೋ ಪಾಸ್‌ಪೋರ್ಟ್ ಕಚೇರಿಯಲ್ಲಿ ಭದ್ರವಾಗಿರುತ್ತೆ. ಬೀಗ ಹಾಕಿದ ಮನೆಯಿಂದ ವಾಪಸ್ ಹೋದದ್ದೂ ಪಾಸ್‌ಪೋರ್ಟ್ ಕಚೇರಿಗೇ ಬರುತ್ತೆ, ಗುರುತಿನ ಚೀಟಿ ತೋರಿಸಿ ಕೇಳಬಹುದು. ನಿಮ್ಮದು ಹಾಗಲ್ಲ. ಯಾರದೋ ಕೈಯಲ್ಲಿದೆ, ಯಾರ ಕೈ ಅಂತ ಗೊತ್ತಿಲ್ಲ.

ಸ್ಪೀಡ್ ಪೋಸ್ಟ್ ನಂಬರಿನಲ್ಲಿ ಯಾವ ಅಂಚೆ ಕಚೇರಿಯಿಂದ ಡೆಲಿವರಿ ಆಗಿದೆ ಅಂತ ಕಾಣುತ್ತೆ. ನಾಳೆ ಬಾಗಿಲು ತೆರೆಯೋ ಹೊತ್ತಿಗೆ ಆಧಾರ್ ಮತ್ತು ಸ್ವೀಕೃತಿ ಚೀಟಿ ಹಿಡಿದು ಅಲ್ಲಿಗೆ ಹೋಗಿ. ಆ ಬೀಟಿನ ಪೋಸ್ಟ್‌ಮ್ಯಾನ್ ಬಟವಾಡೆಗೆ ಹೊರಡುವ ಮೊದಲೇ ಸಿಗಬೇಕು. ಯಾರು ಸಹಿ ಮಾಡಿ ತೆಗೆದುಕೊಂಡರು ಅಂತ ಕೇಳಿ. ಪಾಸ್‌ಪೋರ್ಟನ್ನು ಗುರುತು ನೋಡಿ ಅರ್ಜಿದಾರರ ಕೈಗೇ ಕೊಡಬೇಕು. ಬೇರೆಯವರಿಗೆ ಕೊಟ್ಟಿದ್ದರೆ ಪೋಸ್ಟ್ ಮಾಸ್ಟರಿಗೆ ಬರಹದಲ್ಲಿ ದೂರು ಕೊಟ್ಟು ನಕಲಿನ ಮೇಲೆ ಸೀಲು ಹಾಕಿಸಿಕೊಳ್ಳಿ. ಬಾಯಿಮಾತಿನ ದೂರು ಆಮೇಲೆ ಯಾವ ಕೆಲಸಕ್ಕೂ ಬರಲ್ಲ.

ಅಲ್ಲಿಂದ ನೇರ ಪಿಜಿಗೆ ಹೋಗಿ. ಒಬ್ಬರೇ ಹೋಗಬೇಡಿ, ಗೆಳತಿಯನ್ನು ಕರೆದುಕೊಂಡು ಹೋಗಿ. ಅಲ್ಲೂ ಸಿಗದಿದ್ದರೆ ಅವತ್ತೇ ಪೊಲೀಸ್ ಠಾಣೆಗೆ ಹೋಗಿ ದೂರು ಕೊಡಿ, ಪಾಸ್‌ಪೋರ್ಟ್ ಕಚೇರಿಗೂ ತಿಳಿಸಿ. ಒಂದು ಮಾತು ನೆನಪಿರಲಿ. ಕಳೆದಿದೆ ಅಂತ ದಾಖಲಾಗಿ ರದ್ದಾದ ಪಾಸ್‌ಪೋರ್ಟ್ ಆಮೇಲೆ ಸಿಕ್ಕಿದರೂ ಅದರಲ್ಲಿ ಪ್ರಯಾಣ ಮಾಡುವಂತಿಲ್ಲ, ವಿಮಾನ ನಿಲ್ದಾಣದಲ್ಲೇ ತಡೆಯುತ್ತಾರೆ. ಅದಕ್ಕೇ ಮೊದಲು ಅಂಚೆ ಕಚೇರಿ, ಆಮೇಲೆ ಪಿಜಿ, ಕೊನೆಗೆ ಠಾಣೆ.

ಮಳೆಬಿಲ್ಲು: ಫೋಟೊ ಅಳಿಸಿದೆ. ಬೆಳಿಗ್ಗೆ ಹೋಗ್ತೀನಿ ಮೇಡಂ.

ನೀಲಿ ಆಕಾಶ: ವೆರಿಫಿಕೇಶನ್‌ಗೆ ಬಂದವರಿಗೆ ಸ್ವಲ್ಪ ಕೈಬಿಸಿ ಮಾಡಿದ್ದರೆ ಇಷ್ಟೆಲ್ಲ ತೊಂದರೆ ಇರ್ತಿರಲಿಲ್ಲ.

ಮೂವರ ಅಪ್ಪ: ಅವರ ವೆರಿಫಿಕೇಶನ್ ಆಗಿಯೇ ಹೋಗಿದೆ, ಸರಿಯಾಗಿ ಓದಿ. ಪೋಸ್ಟ್‌ನಲ್ಲಿ ಆದದ್ದಕ್ಕೂ ಅದಕ್ಕೂ ಏನ್ ಸಂಬಂಧ? ಲಂಚ ಕೊಟ್ಟು ಅಭ್ಯಾಸ ಮಾಡಿಸಿದವರೇ ನಿಮ್ಮಂಥವರು.

ನೀಲಿ ಆಕಾಶ: ನಿಮಗೆ ಕೇಳಲಿಲ್ಲ ಬಿಡಿ. ಕೊಡದೆ ತಿಂಗಳುಗಟ್ಟಲೆ ಕಾದವರಿಗೆ ಗೊತ್ತು ಕಷ್ಟ.

ಮೂವರ ಅಪ್ಪ: ನಾನೂ ಕಾಯ್ತಾ ಇದ್ದೇನೆ. ಕೊಟ್ಟಿಲ್ಲ, ಕೊಡೋದೂ ಇಲ್ಲ.

ಮೇಡಂ: ವೆರಿಫಿಕೇಶನ್‌ಗೆ ಅರ್ಜಿದಾರರು ಬೇರೆ ಹಣ ಕೊಡಬೇಕಿಲ್ಲ. ಲಂಚ ಕೊಡೋದೂ ಅಪರಾಧ. ಭ್ರಷ್ಟಾಚಾರ ತಡೆ ಕಾಯ್ದೆಯ 2018ರ ತಿದ್ದುಪಡಿ ಅದನ್ನು ಸ್ಪಷ್ಟವಾಗಿ ಹೇಳುತ್ತೆ. ಬಲವಂತದಿಂದ ಕೊಟ್ಟವರು ಏಳು ದಿನದೊಳಗೆ ದೂರು ಕೊಟ್ಟರೆ ರಕ್ಷಣೆ ಇದೆ. ಈ ಜಗಳ ಇಲ್ಲಿಗೆ ಸಾಕು.

ಕಾಡುಮಲ್ಲಿಗೆ: ಮೇಡಂ, ನನ್ನ ಮಗುವಿನ ಪಾಸ್‌ಪೋರ್ಟ್ ಸ್ಟೇಟಸ್‌ನಲ್ಲಿ ಗ್ರಾಂಟೆಡ್ ಅಂತಿದೆ. ಪ್ರಿಂಟ್‌ಗೆ ಎಷ್ಟು ದಿನ?

ಸಂಜೆಗಾಳಿ: ಎಆರ್‌ಎನ್ ಹಾಕಿದ್ರೆ ಏನೂ ಬರ್ತಿಲ್ಲ, ಯಾಕೆ?

ಮೇಡಂ: ಮೇಲೆ ಬರೆದಿದ್ದೇನೆ. ಫೈಲ್ ನಂಬರ್.

ಹಸಿರು ಎಲೆ: ಇನ್ನೊಂದು. ಅಂಚೆ ಇಲಾಖೆಯಿಂದ ಎಸ್‌ಎಂಎಸ್ ಬಂದಿದೆ. ವಿಳಾಸ ತಪ್ಪಾಗಿದೆಯಂತೆ, ಲಿಂಕ್‌ನಲ್ಲಿ ಸಣ್ಣ ಶುಲ್ಕ ಕಟ್ಟಿದರೆ ಪಾಸ್‌ಪೋರ್ಟ್ ಮತ್ತೆ ತರುತ್ತಾರಂತೆ. ಮಳೆಬಿಲ್ಲು ಅವರಿಗೂ ಸಹಾಯ ಆಗಬಹುದು ಅಂತ ಲಿಂಕ್ ಹಾಕಿದ್ದೇನೆ.

ಮೇಡಂ: ಯಾರೂ ಒತ್ತಬೇಡಿ! ಅದು ಕಾರ್ಡಿನ ವಿವರ ಕದಿಯೋ ಲಿಂಕ್. ಅಡ್ಮಿನ್, ತಕ್ಷಣ ತೆಗೆಯಿರಿ. ಹಸಿರು ಎಲೆ ಅವರೇ, ಹೆದರಿದವರ ಮುಂದೆ ಇಂಥದ್ದು ತಂದಿಡಬೇಡಿ. ಬಂದದ್ದನ್ನೆಲ್ಲ ಹಂಚೋದು ಸಹಾಯ ಅಲ್ಲ.

ಹಸಿರು ಎಲೆ: ಒಳ್ಳೇದು ಮಾಡೋಕೆ ಹೋದರೂ ಬೈಸಿಕೊಳ್ಳಬೇಕು.

ಅಡ್ಮಿನ್: ತೆಗೆದಿದ್ದೇನೆ.

ದಾರಿಹೋಕ: ಫೈಲ್ ನಂಬರಿನಲ್ಲಿ ಬಂತು ಮೇಡಂ, ಥ್ಯಾಂಕ್ಸ್. ಡೆಲಿವರಿ ದಿನ ನಾನು ಊರಲ್ಲಿರಲ್ಲ. ಸೇವಾ ಕೇಂದ್ರಕ್ಕೇ ಹೋಗಿ ತೆಗೆದುಕೊಳ್ಳಬಹುದಾ?

ಮೇಡಂ: ಇಲ್ಲ. ಅಲ್ಲಿ ಕೊಡಲ್ಲ.

ಮಳೆಬಿಲ್ಲು (ಮರುದಿನ): ಮೇಡಂ, ಸಹಿ ಪಿಜಿ ವಾರ್ಡನ್‌ದು. ಕವರ್ ಅವರ ಡ್ರಾಯರ್‌ನಲ್ಲಿ ಭದ್ರವಾಗಿದೆಯಂತೆ. ಆದರೆ ಬೀಗದ ಕೈ ಅವರ ಹತ್ತಿರವೇ ಇದೆ, ಊರಿಗೆ ಹೋಗಿದ್ದಾರೆ, ನಾಳೆ ಸಂಜೆ ಬರ್ತಾರೆ. ಪೋಸ್ಟ್ ಆಫೀಸಿನಲ್ಲಿ ದೂರು ಕೊಟ್ಟು ಸೀಲು ಹಾಕಿಸಿದೆ.

ಮೇಡಂ: ಒಳ್ಳೆಯ ಕೆಲಸ ಮಾಡಿದಿರಿ. ಕವರ್ ತಮ್ಮ ಹತ್ತಿರ ಇದೆ ಅಂತ ವಾರ್ಡನ್‌ರಿಂದ ಈಗಲೇ ಒಂದು ಮೆಸೇಜ್ ಹಾಕಿಸಿಕೊಳ್ಳಿ. ನಾಳೆ ಕವರ್ ಒಡೆದಿದೆಯಾ ನೋಡಿ. ಅಲ್ಲೇ ನಿಂತು ಹೆಸರಿನ ಸ್ಪೆಲ್ಲಿಂಗ್, ಜನ್ಮದಿನಾಂಕ, ತಂದೆ-ತಾಯಿ ಹೆಸರು ನೋಡಿಕೊಳ್ಳಿ. ನಾಳೆ ರಾತ್ರಿಯೊಳಗೆ ಕೈಗೆ ಬರದಿದ್ದರೆ ಇನ್ನೊಂದು ದಿನ ಅಂತ ಕಾಯಬೇಡಿ, ಠಾಣೆಗೆ ಹೋಗಿ. ಏನಾಯ್ತು ಅಂತ ನನಗೆ ತಿಳಿಸಿ.

ಕಾಡುಮಲ್ಲಿಗೆ: ಮೇಡಂ, ನಿನ್ನೆ ಕೇಳಿದ್ದಕ್ಕೆ ಉತ್ತರ ಸಿಗಲಿಲ್ಲ.