ತೀರಿಕೊಂಡ ಮೇಲೆ ಟೀವಿಯಲ್ಲಿ ಬಂದರೆ ಅದನ್ನೂ ಪಾತ್ರ ಅಂತ ಬರೆಯಬೇಕಾ?

ಶಾನುಭೋಗರ ಮಗಳು:
ನಮ್ಮಪ್ಪ ಸೀರಿಯಲ್‌ಗಳಲ್ಲಿ ಚಿಕ್ಕ ಪಾತ್ರ ಮಾಡುತ್ತಿದ್ದರು. ಪೋಸ್ಟ್‌ಮ್ಯಾನ್, ಶಾನುಭೋಗ, ಹುಡುಗಿಯ ತಾತ. ಹೋದ ವರ್ಷ ತೀರಿಕೊಂಡರು. ಎಂಟು ತಿಂಗಳಾದ ಮೇಲೆ ಒಂದು ಸಂಜೆ ಅಮ್ಮ ಟೀವಿ ಮುಂದೆ ಹುರುಳಿಕಾಯಿ ನಾರು ಬಿಡಿಸುತ್ತಾ ಕೂತಿದ್ದರು. ಕಥೆಯಲ್ಲಿ ಮೊಮ್ಮಗಳಿಗೆ ತಾತನ ನೆನಪು ಬಂತು. ಅಪ್ಪ ಬಂದೇ ಬಿಟ್ಟರು! ಅದೇ ಕಂದು ಶಾಲು. "ಊಟ ಆಯ್ತೇನಮ್ಮ?" ಅಂತ ಕೇಳಿ ಹೋದರು. ಹೆಚ್ಚೆಂದರೆ ಹತ್ತು ಸೆಕೆಂಡು. ಅಮ್ಮ ಕೂತಲ್ಲಿಂದಲೇ "ಆಯ್ತು ಕಣ್ರೀ" ಅಂದುಬಿಟ್ಟರು.

ಮಾಡಿದ ಪಾತ್ರಗಳನ್ನೆಲ್ಲ ಅಪ್ಪ ಒಂದು ನೋಟ್‌ಬುಕ್‌ನಲ್ಲಿ ಬರೆದಿಡುತ್ತಿದ್ದರು. 212ಕ್ಕೆ ನಿಂತಿದೆ. ಇದನ್ನು 213 ಅಂತ ಸೇರಿಸಬಹುದಾ? ಟೈಟಲ್‌ನಲ್ಲಿ ಅವರ ಹೆಸರೇ ಇರಲಿಲ್ಲ. ಅದು ತುಂಬಾ ನೋವಾಯಿತು.

ಹಳೇ ರೀಲು:
ಬರೆಯಿರಿ. ಆದರೆ ಪಕ್ಕದಲ್ಲಿ 'ಹಳೆಯ ತುಣುಕು' ಅಂತ ಗುರುತು ಹಾಕಿ. ಸಿನಿಮಾ ಪಟ್ಟಿ ಮಾಡುವವರು ಹಾಗೇ ಮಾಡುತ್ತಾರೆ. 2007ರ 'ಓಂ ಶಾಂತಿ ಓಂ'ನ ಒಂದು ಹಾಡಿನಲ್ಲಿ ದೀಪಿಕಾ ಪಡುಕೋಣೆ ಜೊತೆ ಸುನಿಲ್ ದತ್ ಇದ್ದಾರಲ್ಲ, ಅದು 1966ರ 'ಆಮ್ರಪಾಲಿ'ಯ ತುಣುಕು. ದೀಪಿಕಾ ಆಗ ಹುಟ್ಟೇ ಇರಲಿಲ್ಲ. ದತ್ ತೀರಿಕೊಂಡದ್ದು 2005ರಲ್ಲಿ. ಅಲ್ಲಿ ಪ್ರೀತಿ ಕಾಣುತ್ತದೆ. ಬ್ರೂಸ್ ಲೀ ವಿಷಯದಲ್ಲಿ ಮಾತ್ರ ನನಗೆ ಇವತ್ತಿಗೂ ಸಿಟ್ಟಿದೆ. ಅವರು ಹೋದದ್ದು 1973ರಲ್ಲಿ. 1978ರ 'ಗೇಮ್ ಆಫ್ ಡೆತ್' ಮುಗಿಸಲು ಅವರ ನಿಜವಾದ ಅಂತ್ಯಕ್ರಿಯೆಯ ದೃಶ್ಯವನ್ನೇ ಕಥೆಯೊಳಗೆ ಸೇರಿಸಿದರು. ಹಾಗೆ ಮಾಡಬಾರದಿತ್ತು.

ಎಡಿಟಿಂಗ್ ರೂಮಿನವನು:
ಅಕ್ಕಾ, ನಾನು ಸೀರಿಯಲ್ ಎಡಿಟರ್. ಫ್ಲ್ಯಾಶ್‌ಬ್ಯಾಕ್ ಬೇಕೆಂದರೆ ಹಳೆ ಎಪಿಸೋಡ್ ತೆಗೆದು, ಬಣ್ಣ ಸ್ವಲ್ಪ ಮಾಸಿಸಿ ಸೇರಿಸುತ್ತೇವೆ. ಆ ಅವಸರದಲ್ಲಿ ಮನೆಯವರಿಗೆ ಒಂದು ಮಾತು ಹೇಳಬೇಕು ಅಂತ ಯಾರಿಗೂ ಹೊಳೆಯುವುದಿಲ್ಲ. ಇನ್ನು ಮುಂದೆ ನಾನಾದರೂ ಹೇಳಿಸುತ್ತೇನೆ.

ಇನ್ನೊಂದು ಮಾತು. ವಿಷ್ಣುವರ್ಧನ್ ಹೋದದ್ದು 2009ರ ಡಿಸೆಂಬರ್ 30ಕ್ಕೆ. 2016ರ 'ನಾಗರಹಾವು' ಚಿತ್ರದಲ್ಲಿ ಅವರನ್ನು ಕಂಪ್ಯೂಟರ್‌ನಲ್ಲಿ ಮೂಡಿಸಿದರು. ಆ ದೃಶ್ಯದಲ್ಲಿ ಅವರು ಎಂದೂ ನಿಂತಿರಲಿಲ್ಲ. ನಿಮ್ಮಪ್ಪ ಹಾಗಲ್ಲ. ಆ ಶಾಲು ಹೊದ್ದು, ಆ ಮಾತು ಕೇಳಿದವರು ಅವರೇ. ಅದು ನಟನೆಯೇ.

ಕಾನೂನು ಓದಿದವಳು:
ಹೆಸರಿನ ಬಗ್ಗೆ ಹೇಳುತ್ತೇನೆ. ಕಾಪಿರೈಟ್ ಕಾಯ್ದೆಗೆ 2012ರ ತಿದ್ದುಪಡಿಯಲ್ಲಿ 38ಬಿ ಕಲಮು ಸೇರಿತು. ತನ್ನ ಅಭಿನಯಕ್ಕೆ ತನ್ನ ಹೆಸರು ಹಾಕಿ ಎನ್ನುವ ಹಕ್ಕು ಕಲಾವಿದರಿಗೆ ಇದೆ. ತೀರಾ ಸಣ್ಣಪುಟ್ಟ ಪಾತ್ರಗಳಿಗೆ ಈ ಹಕ್ಕು ಸಿಗುವುದು ಕಷ್ಟ. ದುಡ್ಡಿನ ಮಾತು ಮಾತ್ರ ಅಪ್ಪ ಸಹಿ ಮಾಡಿದ ಕರಾರಿನಲ್ಲಿ ಏನಿದೆ ಅನ್ನುವುದರ ಮೇಲೆ ನಿಂತಿದೆ. ಮೊದಲು ಆ ಕಾಗದ ಹುಡುಕಿ.

ಶಾನುಭೋಗರ ಮಗಳು:
ಎಲ್ಲರಿಗೂ ಥ್ಯಾಂಕ್ಸ್. ಕಾಗದ ಇನ್ನೂ ಸಿಕ್ಕಿಲ್ಲ. ನೋಟ್‌ಬುಕ್‌ನಲ್ಲಿ ಆ ಸೀನ್ ಸಿಕ್ಕಿತು, 187ನೇ ಸಾಲು. 'ತಾತ. ಎರಡು ಟೇಕ್. ಶಾಲು ಮನೆಯದು' ಅಂತ ಅಪ್ಪ ಬರೆದಿದ್ದಾರೆ. ಹೊಸ ನಂಬರು ಹಾಕಲಿಲ್ಲ. ಅದೇ ಸಾಲಿನ ಕೆಳಗೆ ಪೆನ್ಸಿಲ್‌ನಲ್ಲಿ 'ಮತ್ತೆ ಬಂತು' ಅಂತ ತಾರೀಖು ಬರೆದೆ. ಶಾಲು ಅಮ್ಮನ ಹತ್ತಿರವೇ ಇದೆ.